ಕೆಂಪು ನಕ್ಷತ್ರದಲ್ಲಿ ಹುಟ್ಟಿದವರು

ನಾನು ಹುಟ್ಟಿದ್ದು ರೋಹಿಣಿ ನಕ್ಷತ್ರದಲ್ಲಿ. ಪಂಚಾಂಗದ ಲೆಕ್ಕಕ್ಕೆ ನನ್ನ ಹೆಸರು ಓ, ವಾ, ವೀ, ವೂ ಈ ನಾಲ್ಕರಲ್ಲಿ ಯಾವುದಾದರೊಂದು ಅಕ್ಷರದಿಂದ ಶುರುವಾಗಬೇಕಿತ್ತು. 'ಮನೆದೇವ್ರು ರಂಗಸ್ವಾಮಿ ಕಣ್ಣೆದುರಿಗೇ ಇರುವಾಗ ವೂ ಅಂತ ಎಲ್ಲಿ ಹುಡುಕ್ಕೊಂಡು ಹೋಗ್ಲಿ' ಅಂತ ಅಜ್ಜಿ ರಂಗನಾಥ ಎಂದು ಕೂಗಿಬಿಟ್ಟರು. ರೋಹಿಣಿ ಏನೂ ತಕರಾರು ಮಾಡಲಿಲ್ಲ. ಐವತ್ತು ವರ್ಷ ನೆಮ್ಮದಿಯಾಗಿ ಕಳೆಯಿತು. ಈಗ ಇನ್ನೊಂದು ನಕ್ಷತ್ರ ನನ್ನ ಮೇಲೆ ಕಣ್ಣು ಹಾಕಿದೆ. ಇದು ಯಾವ ಪಂಚಾಂಗದಲ್ಲೂ ಇಲ್ಲ. ಕಂಪ್ಯೂಟರಿನ ಫಾರಂನಲ್ಲಿ 'ಸರ್‌ನೇಮ್' ಅನ್ನುವ ಖಾನೆಯ ಪಕ್ಕ ಕೆಂಪಗೆ, ಚಿಕ್ಕದಾಗಿ ಕೂತಿರುತ್ತದೆ. ಕಡ್ಡಾಯ ಎಂದು ಅದರ ಅರ್ಥ. ಇದಕ್ಕೆ ಶಾಂತಿ ಮಾಡಿಸಲು ಯಾವ ಜೋಯಿಸರಿಗೂ ಬರುವುದಿಲ್ಲ.

ಮೊದಲ ಸಲ ಇದರ ದರ್ಶನವಾಗಿದ್ದು ನಮ್ಮ ಬೀದಿಯ ಸೈಬರ್ ಸೆಂಟರಿನಲ್ಲಿ, ಪಾಸ್‌ಪೋರ್ಟಿಗೆ ಅರ್ಜಿ ಹಾಕುವಾಗ. 'ಅಂಕಲ್, ಸರ್‌ನೇಮ್?' ಅಂದ ಹುಡುಗ. ಇಲ್ಲಪ್ಪ ಅಂದೆ. ಮೂಗು ಮನೇಲೇ ಬಿಟ್ಟು ಬಂದಿದೀನಿ ಅಂದವನನ್ನು ನೋಡುವ ಹಾಗೆ ನೋಡಿದ. 'ಇಲ್ಲ ಅಂದ್ರೆ ಹೆಂಗೆ ಅಂಕಲ್? ಎಲ್ಲರಿಗೂ ಇರುತ್ತೆ.' ನನಗಿರುವುದು ಎರಡು ಇನಿಷಿಯಲ್, ಎಚ್ ಮತ್ತು ಕೆ. ಎಚ್ ಅಂದರೆ ಊರು, ಕೆ ಅಂದರೆ ಅಪ್ಪ. ಒಂದಕ್ಷರ ಕೊಟ್ಟರೆ ಕಂಪ್ಯೂಟರು ಉಗಿಯಿತು. 'ಬಿಡಿಸಿ ಹೇಳಿ' ಅಂದ. ಹೊಸಹಳ್ಳಿ, ಕೆಂಪಯ್ಯ ಅಂದೆ. ಟಕಟಕ ಅಂತ ಹೊಡೆದು ಸಬ್ಮಿಟ್ ಒತ್ತಿದ. ಅಂದಿನಿಂದ ಆ ದಾಖಲೆಯಲ್ಲಿ ನಾನು ಮಿಸ್ಟರ್ ಹೊಸಹಳ್ಳಿ. ನೂರಿಪ್ಪತ್ತು ಮನೆ, ಒಂದು ಕೆರೆ, ಆ ಕೆರೆಯ ಹೂಳಿನ ಬಗ್ಗೆ ಎರಡು ಪಕ್ಷ ಇರುವ ಊರನ್ನು ಇಡೀ ಹೊತ್ತುಕೊಂಡು ವಿಮಾನ ಹತ್ತುತ್ತೇನೆ. ಕರ್ನಾಟಕದಲ್ಲಿ ತಾಲ್ಲೂಕಿಗೆ ನಾಲ್ಕಾರು ಹೊಸಹಳ್ಳಿಗಳಿರುವುದರಿಂದ ನನ್ನ 'ವಂಶ' ಎಷ್ಟು ದೊಡ್ಡದು ಅಂತ ನನಗೇ ಅಂದಾಜಿಲ್ಲ.

ಇದು ನನ್ನೊಬ್ಬನ ಪಾಡಲ್ಲ ಅನ್ನುವುದೇ ಸಮಾಧಾನ. ಹಾಸನ ಜಿಲ್ಲೆಯ ಜಾವಗಲ್ ಹೊಯ್ಸಳರ ನರಸಿಂಹ ದೇವಸ್ಥಾನವಿರುವ ಊರು. ಆ ಊರಿನ ಹೆಸರು ಹೊತ್ತ ಶ್ರೀನಾಥ್ ಚೆಂಡು ಹಿಡಿದು ಓಡಿಬಂದದ್ದೇ ತಡ, ಪರದೇಶದ ಕಾಮೆಂಟರಿಯವರಿಗೆ ಅವರು 'ಜಾವಗಲ್' ಆಗಿಬಿಟ್ಟರು. ಅನಿಲ್ ಕುಂಬ್ಳೆಯವರ ಕುಂಬ್ಳೆ ಕಾಸರಗೋಡು ಸೀಮೆಯ ಊರು. ಹಾಗೆ ನೋಡಿದರೆ ತೊಂಬತ್ತರ ದಶಕದಲ್ಲಿ ಭಾರತಕ್ಕೆ ಒಂದು ತುದಿಯಿಂದ ಹಾಸನ ಜಿಲ್ಲೆಯೂ ಇನ್ನೊಂದು ತುದಿಯಿಂದ ಕಾಸರಗೋಡೂ ಬೌಲಿಂಗ್ ಮಾಡುತ್ತಿದ್ದವು. ವಿಶ್ವೇಶ್ವರಯ್ಯನವರ ಎಂ ಇದೆಯಲ್ಲ, ಅದು ಅವರು ಹುಟ್ಟಿದ ಮುದ್ದೇನಹಳ್ಳಿಯದಲ್ಲ. ಹಿರೀಕರು ಬಿಟ್ಟುಬಂದ, ಈಗಿನ ಆಂಧ್ರದಲ್ಲಿರುವ ಮೋಕ್ಷಗುಂಡಂನದು. ಒಂದಕ್ಷರದಲ್ಲಿ ಒಂದು ವಲಸೆಯ ಕಥೆಯನ್ನೇ ಮಡಿಚಿಟ್ಟುಕೊಂಡು ಓಡಾಡಿದ ಮಹನೀಯರು. ಇಂದು ಅವರು ಅರ್ಜಿ ಹಾಕಿದ್ದರೆ 'ಕನಿಷ್ಠ ಎರಡು ಅಕ್ಷರ ನಮೂದಿಸಿ' ಅಂತ ಕೆಂಪಕ್ಷರದಲ್ಲಿ ಬರುತ್ತಿತ್ತು.

ಹಾಗಾದರೆ ಸರ್‌ನೇಮ್ ಇದ್ದವರು ಸುಖವಾಗಿದ್ದಾರೆಯೇ? ಅದೂ ಇಲ್ಲ. ನಮ್ಮ ಆಫೀಸಿನಲ್ಲಿ ಗದಗದ ಕಡೆಯವರೊಬ್ಬರಿದ್ದಾರೆ, ಅಡ್ಡಹೆಸರು ಮೆಣಸಿನಕಾಯಿ. ಉತ್ತರ ಕರ್ನಾಟಕದಲ್ಲಿ ಇದಕ್ಕೆ ಯಾರೂ ತಲೆ ಎತ್ತಿಯೂ ನೋಡುವುದಿಲ್ಲ. ಅಲ್ಲಿ ಹಾಜರಿ ಪುಸ್ತಕ ಓದಿದರೆ ಒಂದು ತಿಂಗಳ ಕಿರಾಣಿ ಸಾಮಾನು ಬಂದುಬೀಳುತ್ತದೆ: ಅಕ್ಕಿ, ಬೆಲ್ಲದ, ಉಪ್ಪಿನ, ಎಣ್ಣಿ, ಉಳ್ಳಾಗಡ್ಡಿ. ಕೊಂಡುಕೊಳ್ಳಲು ಅಂಗಡಿಯವರೂ ಅಲ್ಲೇ ಇದ್ದಾರೆ. ಸಾಮಾನು ಇಡಲು ಹಳೇಮನಿ, ಹೊಸಮನಿ, ದೊಡ್ಡಮನಿ. ರಿಪೇರಿಗೆ ಬಡಿಗೇರ, ಕಂಬಾರ. ಅತ್ತರಿಗೆ ಅತ್ತಾರ, ಹಣ್ಣಿಗೆ ಬಾಗವಾನ, ಹತ್ತಿ ಹಿಂಜಲು ನದಾಫ. ಒಂದು ಊರು ಹೇಗೆ ಉಣ್ಣುತ್ತಿತ್ತು, ದುಡಿಯುತ್ತಿತ್ತು ಅನ್ನುವುದೆಲ್ಲ ಹೆಸರಿನ ಬಾಲದಲ್ಲೇ ಇದೆ. ಬೆಂಗಳೂರಿಗೆ ಬಂದ ಮೇಲೆ ಮೆಣಸಿನಕಾಯಿಯವರಿಗೆ ಶುರುವಾಯಿತು. ಹೊಸದಾಗಿ ಸೇರಿದ ಎಚ್‌ಆರ್ ಹುಡುಗಿ 'ಸರ್, ನಿಮ್ಮ ಪ್ರೊಫೈಲಲ್ಲಿ ಯಾರೋ ತಮಾಷೆ ಮಾಡಿದ್ದಾರೆ, ಸರಿ ಮಾಡ್ಲಾ?' ಅಂತ ಮೇಲ್ ಹಾಕಿದಳು. 'ಮಾಡ್ರಿ, ಬ್ಯಾಡಗಿ ಅಂತ ಹಾಕ್ರಿ, ಖಾರ ಕಡಿಮಿ ಇರ್ತದ' ಅಂತ ಇವರ ಉತ್ತರ.

ಹುದ್ದೆಯಿಂದ ಬಂದ ಅಡ್ಡಹೆಸರುಗಳದ್ದು ಬೇರೆಯೇ ವರಸೆ. ಪಟೇಲ, ಶಾನುಭೋಗ, ಪಾಟೀಲ, ಕುಲಕರ್ಣಿ ಎಲ್ಲ ಒಂದು ಕಾಲಕ್ಕೆ ಕೆಲಸದ ಹೆಸರುಗಳು. ಊರಿನ ಯಜಮಾನಿಕೆ, ಊರಿನ ಲೆಕ್ಕ. 1961ರಲ್ಲಿ ಗ್ರಾಮಾಧಿಕಾರಿ ಹುದ್ದೆಗಳನ್ನು ರದ್ದು ಮಾಡಲು ಕಾನೂನೇ ಬಂತು. ಹುದ್ದೆ ಹೋಯಿತು, ಬೋರ್ಡು ಮಾತ್ರ ಇಳಿಯಲಿಲ್ಲ. ಇಷ್ಟು ದಿಟ್ಟವಾಗಿ ಮಾಜಿಯಾಗದೆ ಉಳಿಯುವುದು ನಮ್ಮ ಮಂತ್ರಿಗಳಿಗೂ ಸಾಧ್ಯವಾಗಿಲ್ಲ. ನಮ್ಮ ಮುಖ್ಯಮಂತ್ರಿಯಾಗಿದ್ದ ಜೆ.ಎಚ್. ಪಟೇಲರು ದಾವಣಗೆರೆ ಸೀಮೆಯವರು, 1967ರಲ್ಲಿ ಲೋಕಸಭೆಯಲ್ಲಿ ಕನ್ನಡದಲ್ಲೇ ಮಾತಾಡಿ ಹೆಸರಾದವರು. ಆದರೂ ಪಟೇಲ್ ಅಂದೊಡನೆ ಗುಜರಾತಿಗೆ ಟಿಕೆಟ್ ತೆಗೆಯುವವರಿಗೆ ಕೊರತೆಯಿಲ್ಲ.

ಫಾರಂ ಕೇಳುವುದನ್ನಾದರೂ ಕ್ಷಮಿಸಬಹುದು, ಅದಕ್ಕೆ ತಿಳಿವಳಿಕೆ ಇಲ್ಲ. ಬಾಡಿಗೆ ಮನೆ ಕೇಳಿಕೊಂಡು ಹೋದಾಗ ಮಾಲೀಕರು 'ರಂಗನಾಥ ಅಂದ್ರೆ... ಮುಂದೆ?' ಅನ್ನುತ್ತಾರಲ್ಲ, ಆ ಚುಕ್ಕಿಗಳನ್ನು ಕ್ಷಮಿಸುವುದು ಕಷ್ಟ. ಅವರಿಗೆ ಬೇಕಾಗಿರುವುದು ಹೆಸರಲ್ಲ. ಅಡುಗೆಮನೆಯಲ್ಲಿ ಏನು ಬೇಯುತ್ತದೆ, ಹೆಣ್ಣು ಎಲ್ಲಿಂದ ತರುತ್ತೀರಿ ಅನ್ನುವುದು. 'ಮುಂದೆ ಏನೂ ಇಲ್ಲ ಸರ್, ಹಿಂದೆ ಎಚ್.ಕೆ. ಇದೆ' ಅಂದೆ. ಮನೆ ಸಿಗಲಿಲ್ಲ.

ಈ ನಡುವೆ ನನ್ನೊಳಗೆ ಜನ ಹೆಚ್ಚಾಗುತ್ತಾ ಹೋದರು. ಎಸ್‌ಎಸ್‌ಎಲ್‌ಸಿ ಮಾರ್ಕ್ಸ್ ಕಾರ್ಡಿನಲ್ಲಿ ರಂಗನಾಥ ಎಚ್.ಕೆ. ಆಧಾರ್‌ನಲ್ಲಿ ಎಚ್ ಕೆ ರಂಗನಾಥ್. ಪ್ಯಾನ್ ಅರ್ಜಿಯಲ್ಲಿ ಇನಿಷಿಯಲ್ ನಡೆಯುವುದಿಲ್ಲ, ಕಡೇ ಹೆಸರು ಇರಲೇಬೇಕು. ಮೊದಲ ಹೆಸರು ಬೇಕಾದರೆ ಖಾಲಿ ಇರಲಿ ಅನ್ನುವ ಔದಾರ್ಯವೂ ಅದಕ್ಕಿದೆ! ಹಾಗಾಗಿ ಅಲ್ಲಿ ರಂಗನಾಥ್ ಕೆಂಪಯ್ಯ. ಊರಿನ ಪಹಣಿಯಲ್ಲಿ 'ರಂಗನಾಥ ಬಿನ್ ಲೇಟ್ ಕೆಂಪಯ್ಯ'. ಕನ್ನಡದ ಮಗ, ಕನ್ನಡದ ಅಪ್ಪ, ನಡುವೆ ಒಂದು ಅರಬ್ಬಿ ಪದ, ಒಂದು ಇಂಗ್ಲಿಷ್ ಪದ. ನಾಲ್ಕು ಪದಕ್ಕೆ ಮೂರು ಭಾಷೆ. ಶಿಕ್ಷಣ ತಜ್ಞರು ಇಂದಿಗೂ ಜಗಳವಾಡುತ್ತಿರುವ ತ್ರಿಭಾಷಾ ಸೂತ್ರವನ್ನು ನಮ್ಮ ಕಂದಾಯ ಇಲಾಖೆ ಸದ್ದಿಲ್ಲದೆ ಜಾರಿ ಮಾಡಿ ಎಷ್ಟೋ ಕಾಲವಾಯಿತು. ಬೆಳೆವಿಮೆಯ ಅರ್ಜಿಗೆ ಕೂತ ಪುಣ್ಯಾತ್ಮನೊಬ್ಬ ತಂದೆಯ ಮೊದಲ ಹೆಸರು ಲೇಟ್, ಕಡೇ ಹೆಸರು ಕೆಂಪಯ್ಯ ಅಂತ ತುಂಬಿದ್ದ. ಅಪ್ಪ ಬದುಕಿದ್ದಾಗ ಒಂದು ದಿನವೂ ಎಲ್ಲಿಗೂ ಲೇಟಾಗಿ ಹೋದವರಲ್ಲ.

2023ರ ಜೂನ್ 30ರ ಗಡುವು ಬಂತು. ಪ್ಯಾನ್‌ಗೆ ಆಧಾರ್ ಜೋಡಿಸಿ, 1000 ರೂಪಾಯಿ ದಂಡ ಕಟ್ಟಿ ಅಂತ. ನನ್ನನ್ನು ನನಗೇ ಜೋಡಿಸಲು ಸಾವಿರ ರೂಪಾಯಿ ಕಟ್ಟಿದೆ. 'ಹೆಸರು ಹೊಂದಾಣಿಕೆಯಾಗುತ್ತಿಲ್ಲ' ಅಂತು. ಮದುವೆಯಲ್ಲೂ ಇಷ್ಟು ಕಟ್ಟುನಿಟ್ಟಾಗಿ ಹೊಂದಾಣಿಕೆ ನೋಡಿರಲಿಲ್ಲ. ಸರಿ, ಆಧಾರ್‌ನಲ್ಲೇ ಹೆಸರು ತಿದ್ದಿಸೋಣ ಅಂದರೆ ಅದು ಜೀವಮಾನದಲ್ಲಿ ಎರಡೇ ಸಲ. ಶಾಸಕರು ಪಕ್ಷ ಬದಲಿಸುವುದಕ್ಕೂ ಇಂಥದೊಂದು ಮಿತಿ ಇದ್ದಿದ್ದರೆ ನಮ್ಮ ಎಷ್ಟೋ ಸರ್ಕಾರಗಳು ಅವಧಿ ಮುಗಿಸುತ್ತಿದ್ದವು. ಯಡಿಯೂರಪ್ಪನವರೇ ಇದ್ದಾರಲ್ಲ. ಅವರ ಹೆಸರು ತುಮಕೂರು ಜಿಲ್ಲೆಯ ಎಡೆಯೂರಿನ ಸಿದ್ಧಲಿಂಗೇಶ್ವರನದು. 2007ರಲ್ಲಿ ಇಂಗ್ಲಿಷ್ ಕಾಗುಣಿತದಲ್ಲಿ ಒಂದು 'ಐ' ತೆಗೆದು ಒಂದು 'ಡಿ' ಹಾಕಿಕೊಂಡರು, ಸಂಖ್ಯಾಶಾಸ್ತ್ರ ಅಂತ ಪತ್ರಿಕೆಗಳು ಬರೆದವು. ಆ ವರ್ಷದ ಮುಖ್ಯಮಂತ್ರಿ ಪದವಿ ಏಳೇ ದಿನ ನಡೆಯಿತು. 2019ರಲ್ಲಿ 'ಡಿ' ವಾಪಸು, 'ಐ' ಮರಳಿ ಮನೆಗೆ. ಎರಡು ಸಲದ ಕೋಟಾ ಅಲ್ಲಿಗೆ ಮುಗಿಯಿತು.

ನನ್ನ ಕೇಸು ಕಡೆಗೆ ಕೋರ್ಟಿನ ಎದುರು ಹುಣಸೆಮರದ ಕೆಳಗೆ ಕೂರುವ ನೋಟರಿಯ ಹತ್ತಿರ ಹೋಯಿತು. ಅವರಿಗೆ ಇದು ದಿನಾ ಬೆಳಗಿನ ಸುಪ್ರಭಾತ. ಸ್ಟಾಂಪ್ ಪೇಪರಿನ ಮೇಲೆ ಬರೆದರು: ರಂಗನಾಥ ಎಚ್.ಕೆ., ಎಚ್ ಕೆ ರಂಗನಾಥ್, ರಂಗನಾಥ್ ಕೆಂಪಯ್ಯ, ಹೊಸಹಳ್ಳಿ ಕೆಂಪಯ್ಯ ರಂಗನಾಥ ಎಂಬ ನಾಲ್ವರೂ 'ಒನ್ ಅಂಡ್ ದಿ ಸೇಮ್ ಪರ್ಸನ್'. ಶೃಂಗೇರಿಗೆ ಹೋಗಿ ವರ್ಷಗಟ್ಟಲೆ ಓದಿದರೂ ತಲೆಗೆ ಹತ್ತದ ಅದ್ವೈತವನ್ನು ಕಾಲು ಗಂಟೆಯಲ್ಲಿ ಸೀಲು ಹೊಡೆದು ಕೊಟ್ಟರು. ಸಾಕ್ಷಿಗೆ ಪಕ್ಕದ ಎಳನೀರಿನವನು ಸಹಿ ಹಾಕಿದ. ಅವನಿಗೆ ಈ ನಾಲ್ವರಲ್ಲಿ ಯಾರೂ ಗೊತ್ತಿಲ್ಲ.

ದೇಶದ ಆಚೆ ಹೋದರೆ ಇನ್ನೂ ಮಜಾ. 2022ರ ನವೆಂಬರಿನಲ್ಲಿ ಯುಎಇಯವರು ಪಾಸ್‌ಪೋರ್ಟಿನಲ್ಲಿ ಒಂದೇ ಹೆಸರಿದ್ದವರಿಗೆ ಪ್ರವಾಸಿ ವೀಸಾದಲ್ಲಿ ಪ್ರವೇಶವಿಲ್ಲ ಅಂದುಬಿಟ್ಟರು. ಆಮೇಲೆ ಮನಸ್ಸು ಕರಗಿ, ಪಾಸ್‌ಪೋರ್ಟಿನ ಇನ್ನೊಂದು ಪುಟದಲ್ಲಿ ಅಪ್ಪನ ಹೆಸರಿದ್ದರೆ ಬನ್ನಿ ಅಂದರು. ನೋಡಿ, 'ಬಿನ್' ಅಂದರೆ ಏನು ಅಂತ ಅರಬ್ಬರಿಗೆ ಗೊತ್ತು! ಅಮೆರಿಕದವರದು ಬೇರೆ ದಾರಿ. ಸರ್‌ನೇಮ್ ಖಾಲಿ ಇರುವ ಪಾಸ್‌ಪೋರ್ಟು ಕೊಟ್ಟರೆ ಇರುವ ಒಂದೇ ಹೆಸರನ್ನು ಸರ್‌ನೇಮ್ ಖಾನೆಗೆ ತಳ್ಳಿ, ಮೊದಲ ಹೆಸರಿನ ಜಾಗದಲ್ಲಿ ಎಫ್‌ಎನ್‌ಯು ಅಂತ ಬರೆಯುತ್ತಾರೆ. ಬಿಡಿಸಿದರೆ 'ಫಸ್ಟ್ ನೇಮ್ ಅನ್‌ನೋನ್', ಮೊದಲ ಹೆಸರು ಗೊತ್ತಿಲ್ಲ. ನಮ್ಮ ಸೋದರತ್ತೆಯ ಮೊಮ್ಮಗ ಓದಲು ಹೋದವನು ಅಲ್ಲಿ ಎಫ್‌ಎನ್‌ಯು ಆದ. ಬ್ಯಾಂಕಿನಲ್ಲಿ, ಡ್ರೈವಿಂಗ್ ಲೈಸೆನ್ಸಿನಲ್ಲಿ, ಆಸ್ಪತ್ರೆಯಲ್ಲಿ 'ಮಿಸ್ಟರ್ ಎಫ್ನು'. ಅಫ್ಘಾನಿಸ್ತಾನ, ಇಂಡೊನೇಷ್ಯಾದ ಕಡೆಯ ಒಂಟಿ ಹೆಸರಿನವರೂ ಅಲ್ಲಿ ಇದೇ ಎಫ್ನುಗಳು. ಒಂದು ಸಂಜೆ ಕ್ಲಿನಿಕ್ಕಿನಲ್ಲಿ 'ಎಫ್ನು' ಅಂತ ಕೂಗಿದಾಗ ಮೂವರು ಎದ್ದು ನಿಂತರಂತೆ. 'ಒಂದೇ ಗೋತ್ರ ಅಜ್ಜಿ, ಈ ಮೂವರ ಮನೇಲಿ ಹೆಣ್ಣು ತರೋ ಹಾಗಿಲ್ಲ' ಅಂತ ಅವನು ಫೋನಿನಲ್ಲಿ ಹೇಳಿದಾಗ ಸೋದರತ್ತೆ ನಿಜಕ್ಕೂ ಗಾಬರಿಯಾದರು.

ನಮ್ಮ ಮನೆಯಲ್ಲೇ ಈಗ ಮೂರು ಸರ್‌ನೇಮ್. ನನ್ನದು ಊರು, ಹೆಂಡತಿಯದು ಅವಳ ಅಪ್ಪ, ಮಗನದು ನಾನು. ವೀಸಾ ಕೌಂಟರಿನಲ್ಲಿ 'ನೀವೆಲ್ಲ ಒಂದೇ ಕುಟುಂಬವಾ?' ಅಂತ ಕೇಳಿದರು. 'ಐದು ನಿಮಿಷ ಇಲ್ಲೇ ನಿಂತಿರ್ತೀವಿ, ನಾವು ಮಾತಾಡೋದು ಕೇಳಿಸ್ಕೊಳಿ, ನಿಮಗೇ ಗೊತ್ತಾಗುತ್ತೆ' ಅಂದಳು ನನ್ನಾಕೆ.

ಇಷ್ಟೆಲ್ಲ ನೋಡಿದ ಮಗ, ತನಗೆ ಹೆಣ್ಣುಮಗು ಹುಟ್ಟಿದಾಗ ಎಚ್ಚರ ವಹಿಸಿದ. ಹೆಸರಿಲ್ಲದೆಯೂ ಜನನ ನೋಂದಣಿ ಮಾಡಿಸಬಹುದು, ಹನ್ನೆರಡು ತಿಂಗಳೊಳಗೆ ಹೆಸರು ಸೇರಿಸಿದರೆ ಶುಲ್ಕವೂ ಇಲ್ಲ ಅನ್ನುವುದು ಅವನಿಗೆ ತಿಳಿಯಿತು. ಈ ದೇಶದಲ್ಲಿ ಹೆಸರನ್ನೇ ಕೇಳದ ಕಾಗದ ಅದೊಂದೇ ಇರಬೇಕು. ಅಂದಿನಿಂದ ಗಂಡ ಹೆಂಡತಿ ಲ್ಯಾಪ್‌ಟಾಪ್ ಮುಂದೆ ಕೂತಿದ್ದಾರೆ. ಊರು ಹಾಕಿದರೆ ಉದ್ದ, ಅಪ್ಪನದು ಹಾಕಿದರೆ ಸೊಸೆಗೆ ಸಿಟ್ಟು, ಅಮ್ಮನದು ಹಾಕಿದರೆ ನನ್ನ ಹೆಂಡತಿಗೆ ಸಿಟ್ಟು, ಏನೂ ಹಾಕದಿದ್ದರೆ ಎಫ್ನು. ಹತ್ತು ತಿಂಗಳಾಯಿತು. ಆಸ್ಪತ್ರೆಯ ಚೀಟಿಯಲ್ಲಿ 'ಬೇಬಿ ಆಫ್', ಮನೆಯಲ್ಲಿ ಪಾಪು.

ಮೊನ್ನೆ ಲಸಿಕೆ ಹಾಕಿಸಲು ನಾನೇ ಕರೆದುಕೊಂಡು ಹೋಗಿದ್ದೆ. ನರ್ಸಮ್ಮ ಟ್ಯಾಬ್ ಹಿಡಿದು ಮಗುವಿನ ಹೆಸರು ಕೇಳಿದರು. ಇನ್ನೂ ಇಟ್ಟಿಲ್ಲಮ್ಮ, ಪಾಪು ಅಂತೀವಿ ಅಂದೆ.

'ಪಾಪು... ಸರಿ' ಅಂತ ಒತ್ತಿಕೊಂಡರು. 'ಸರ್‌ನೇಮ್?'