ಗ್ಯಾಂಗಿಗೆ ಎಣ್ಣಿ ಹಾಕಿದವರು

ಹುಬ್ಬಳ್ಳಿ ಕೊಪ್ಪಿಕರ ರೋಡಿನ ಯಾವುದಾದರೂ ಅಂಗಡಿಯ ಮುಂದೆ ನಿಂತು ‘ಗ್ಯಾಂಗ್ ಐತೇನ್ರಿ?’ ಅಂತ ಕೇಳಿ ನೋಡಿ. ಗಲ್ಲಾದ ಮೇಲೆ ಕೂತವರು ಮೊದಲು ನಿಮ್ಮ ಮುಖ ನೋಡುತ್ತಾರೆ, ಆಮೇಲೆ ನಿಮ್ಮ ಬೆನ್ನ ಹಿಂದೆ ಯಾರಾದರೂ ಬಂದು ನಿಂತಿದ್ದಾರೋ ಅಂತ ಇಣುಕುತ್ತಾರೆ.

‘ರೇಡಿಯೋದ್ದು ರೀ. ಪಿವಿಸಿ ಗ್ಯಾಂಗ್.’ ಸ್ಟೇಶನ್ ಹಿಡಿಯುವ ಗುಂಡಿಯ ಹಿಂದೆ ತಿರುಗುವ ಬಿಡಿಭಾಗ ಅದು.

ಪಿವಿಸಿ ಎಂಬ ಮೂರಕ್ಷರ ಬಿದ್ದದ್ದೇ ತಡ, ಒಳಗಿನ ಹುಡುಗ ಎದ್ದು ಹೋಗಿ ಗೋಡೆಯೊಳಗೆ ಕೂರಿಸುವ ಸ್ವಿಚ್ ಬೋರ್ಡಿನ ಪ್ಲಾಸ್ಟಿಕ್ ಡಬ್ಬಿ ತಂದು ಮುಂದಿಡುತ್ತಾನೆ. ‘ಟೂ ಗ್ಯಾಂಗ್ ಬೇಕೋ ಅಣ್ಣಾರ, ಫೋರ್ ಗ್ಯಾಂಗ್ ಬೇಕೋ?’ ಈ ವಾರವೂ ಇದೇ ಆಯಿತು. ಹುಡುಗನ ತಪ್ಪೇನೂ ಇಲ್ಲ, ಎಲೆಕ್ಟ್ರಿಕ್ ಭಾಷೆಯಲ್ಲಿ ಒಂದೇ ಪ್ಲೇಟಿನಲ್ಲಿ ಸಾಲಾಗಿ ಕೂತ ಸ್ವಿಚ್ಚುಗಳ ಲೆಕ್ಕಕ್ಕೂ ಗ್ಯಾಂಗ್ ಅಂತಲೇ ಹೆಸರು. ಸಿಟ್ಟು ಬರುವುದು ಅವನು ಡಬ್ಬಿ ವಾಪಸ್ ಇಡುತ್ತ ಹೇಳುವ ಮಾತಿಗೆ: ‘ರೇಡಿಯೋ ಯಾಕ್ರಿ ಈಗ, ಮೊಬೈಲ್‌ನ್ಯಾಗ ಎಲ್ಲಾ ಬರತೈತಲ್ಲ?’

ನಮ್ಮ ಕಡೆ ಈ ಗ್ಯಾಂಗ್ ಎಂಬ ಪದಕ್ಕೆ ಕೆಲಸ ಬಹಳ. ಕಬ್ಬಿನ ಹಂಗಾಮಿನಲ್ಲಿ ಕಲಘಟಗಿ, ಅಳ್ನಾವರದ ಕಡೆ ‘ಗ್ಯಾಂಗ್ ಬಂತೇನು?’ ಅಂದರೆ ಕಡಿಯುವ ಆಳುಗಳ ತಂಡ. ‘ಗ್ಯಾಂಗ್ ಕೈ ಕೊಟ್ಟಿತು’ ಅಂದರೆ ಮುಂಗಡ ತಗೊಂಡವರು ಊರಿಗೆ ಹೋಗಿ ಫೋನ್ ಬಂದ್ ಮಾಡಿಕೊಂಡಿದ್ದಾರೆ ಅಂತ ಅರ್ಥ. ಮನೆ ಕಟ್ಟಿಸುವವರಿಗೆ ಸ್ಲ್ಯಾಬ್ ಹಾಕುವ ಗ್ಯಾಂಗ್. ನೈರುತ್ಯ ರೈಲ್ವೆಯ ಕೇಂದ್ರ ಕಚೇರಿ ಇಟ್ಟುಕೊಂಡ ಊರಿನಲ್ಲಿ ಗ್ಯಾಂಗ್‌ಮನ್ ಗೊತ್ತಿಲ್ಲದ ಮನೆಯೇ ಇಲ್ಲ. ಇಲಾಖೆ ಆ ಹುದ್ದೆಯ ಹೆಸರು ಬದಲಿಸಿದರೂ ಹಳಿ ಪಕ್ಕದ ಓಣಿಯವರು ಬದಲಿಸಿಲ್ಲ. ಕಾಲೇಜು ಹುಡುಗರದು ‘ನಮ್ ಗ್ಯಾಂಗ್’, ಪೊಲೀಸರದು ಬೇರೆ ಗ್ಯಾಂಗ್. ಇಷ್ಟೆಲ್ಲ ಗ್ಯಾಂಗುಗಳ ನಡುವೆ ರೇಡಿಯೋದ ಗ್ಯಾಂಗ್ ಬಡಪಾಯಿ. ಸಿಟಿ ಬಸ್ಸಿನಲ್ಲಿ ಕೂತು ಫೋನಿನಲ್ಲಿ ಜೋರಾಗಿ ‘ನಿಮ್ಮ ಗ್ಯಾಂಗ್ ಬಿಚ್ಚಿ ತೊಳದೇನಿ, ಸಂಜಿಕಿ ತಗೊಂಡ್ ಹೋಗ್ರಿ’ ಅಂದರೆ ಪಕ್ಕದ ಸೀಟಿನವರು ಚೀಲ ಮಡಿಲಿಗೆ ಎಳೆದುಕೊಳ್ಳುತ್ತಾರೆ.

ಹಳೆಯ ಇಂಗ್ಲಿಷಿನಲ್ಲಿ ಗ್ಯಾಂಗ್ ಎಂದರೆ ನಡಿಗೆ, ಹೋಗುವುದು. ಆಮೇಲೆ ಜೊತೆಯಾಗಿ ಹೋಗುವವರು, ಜೊತೆಯಾಗಿ ದುಡಿಯುವ ಹತಾರಗಳು. 1920ರ ದಶಕದ ರೇಡಿಯೋಗಳಲ್ಲಿ ಮೂರು ಮೂರು ಗುಂಡಿ ಇರುತ್ತಿದ್ದವು, ಸ್ಟೇಶನ್ ಹಿಡಿಯಲು ಒಂದೊಂದನ್ನೂ ಬೇರೆ ಬೇರೆ ತಿರುಗಿಸಬೇಕಿತ್ತು. ಪ್ರತಿ ಗುಂಡಿಯ ಹಿಂದೆ ಒಂದು ಕಂಡೆನ್ಸರ್: ನಿಂತ ಲೋಹದ ಎಲೆಗಳ ಸಂದಿಗೆ ತಿರುಗುವ ಎಲೆಗಳು ಹೊಕ್ಕಷ್ಟೂ ಹೆಚ್ಚು ವಿದ್ಯುತ್ ಹಿಡಿಯುವ ಸಾಮಾನು, ಆ ಹಿಡಿತಕ್ಕೇ ಕೆಪ್ಯಾಸಿಟಿ ಅನ್ನುವುದು. ಆ ಕಂಡೆನ್ಸರುಗಳನ್ನೆಲ್ಲ ಒಂದೇ ಕಡ್ಡಿಗೆ ಪೋಣಿಸಿ, ಒಂದು ಗುಂಡಿ ತಿರುಗಿಸಿದರೆ ಎಲ್ಲ ತಿರುಗುವಂತೆ ಮಾಡಿದರು. ಅದೇ ಗ್ಯಾಂಗ್ ಕಂಡೆನ್ಸರ್. ಒಂದೇ ನೊಗಕ್ಕೆ ಹೂಡಿದ ಜೋಡೆತ್ತು. ಒಂದು ಎಳೆದು ಇನ್ನೊಂದು ನಿಂತರೆ ಹೊಲ ಹಾಳು.

ಇಲ್ಲಿ ಜೋಡೆತ್ತುಗಳ ಕೆಲಸ ಬೇರೆ ಬೇರೆ. ಒಂದು ಭಾಗ ಆಂಟೆನಾ ಕಡೆಯದು, ಬೇಕಾದ ಸ್ಟೇಶನ್ ಆರಿಸುತ್ತದೆ. ಇನ್ನೊಂದು ಆಸಿಲೇಟರ್ ಕಡೆಯದು, ಸೆಟ್ಟಿನ ಒಳಗೇ ಹುಟ್ಟುವ ಸಣ್ಣ ತರಂಗಕ್ಕೆ ಲಗಾಮು. ಈ ಒಳಗಿನ ತರಂಗ ಹೆಚ್ಚಿನ ಸೆಟ್ಟುಗಳಲ್ಲಿ ಸ್ಟೇಶನ್ನಿಗಿಂತ ಯಾವಾಗಲೂ 455 ಕಿಲೋಹರ್ಟ್ಸ್ ಮೇಲೆಯೇ ನಡೆಯಬೇಕು. ಧಾರವಾಡ ಆಕಾಶವಾಣಿಯ ಮೀಡಿಯಂ ವೇವ್ 765, ಆಗ ಆಸಿಲೇಟರ್ 1220. ಬೆಂಗಳೂರಿನ 612ಕ್ಕೆ ಹೋದರೆ 1067. ಬ್ಯಾಂಡಿನ ಈ ತುದಿಯಿಂದ ಆ ತುದಿಗೆ ಹೋಗುವಾಗ ಆಂಟೆನಾ ಭಾಗದ ಕೆಪ್ಯಾಸಿಟಿ ಸುಮಾರು 9 ಪಟ್ಟು ಬದಲಾಗಬೇಕು, ಆಸಿಲೇಟರ್ ಭಾಗ ನಾಲ್ಕೂವರೆ ಪಟ್ಟೂ ಬೇಡ. ಅದಕ್ಕೇ ಎಷ್ಟೋ ಗ್ಯಾಂಗುಗಳಲ್ಲಿ ಒಂದು ಕಡೆಯ ಎಲೆಗಳು ಸಣ್ಣವು. ಕಂಪನಿಯವರು ಲೆಕ್ಕ ಹಾಕಿ ಕತ್ತರಿಸಿದ್ದು ಅದು. ‘ಇದೇನೋ ಸವದೈತಿ’ ಅಂತ ಕೆಲವರು ತಿಳಿದುಕೊಳ್ಳುತ್ತಾರೆ, ಸವೆದದ್ದಲ್ಲ.

ಇಷ್ಟು ನಾಜೂಕಿನ ಸಾಮಾನಿಗೆ ಎಣ್ಣೆ ಹಾಕುವವರು ಇದ್ದಾರೆ.

ಹಳೆಯ ಮರ್ಫಿ, ಫಿಲಿಪ್ಸ್, ಬುಶ್ ಇರುವ ಪ್ರತಿ ಓಣಿಯಲ್ಲೂ ಒಬ್ಬ ಕಾಕಾ ಇರುತ್ತಾರೆ. ಕೈಯಲ್ಲಿ ಎಣ್ಣೆ ಶೀಶೆ. ಗೇಟಿನ ಬಿಜಾಗರಕ್ಕೆ ಹಾಕಿ ಆಗಿದೆ, ಹೊಲಿಗೆ ಮಷೀನಿಗೆ ಹಾಕಿ ಆಗಿದೆ, ಸೈಕಲ್ ಚೈನಿಗೆ ಹಾಕಿ ಆಗಿದೆ. ರೇಡಿಯೋ ಗುಂಡಿ ಬಿಗಿಯಾದಾಗ ಕಾಕಾನ ಕೈ ತಾನಾಗಿಯೇ ಶೀಶೆಯ ಕಡೆ ಹೋಗುತ್ತದೆ. ಹಿಂದಿನ ರಟ್ಟು ಬಿಚ್ಚಿ ನೋಡಿದರೆ ಎದುರಿಗೇ ಫಳಫಳ ಹೊಳೆಯುವ ಅಲ್ಯೂಮಿನಿಯಂ ಎಲೆಗಳು, ಎಣ್ಣೆ ಬಿಡಲೆಂದೇ ಸಂದಿ ಬಿಟ್ಟಂತೆ.

‘ಏ ತಮ್ಮಾ, ಗ್ಯಾಂಗ್ ಬಿಗಿ ಹಿಡದಿತ್ತು, ಒಂದ್ ಚೂರ ಎಣ್ಣಿ ಬಿಟ್ಟೇನಿ.’

‘ಯಾವ ಎಣ್ಣಿ ಕಾಕಾ?’

‘ಕೊಬ್ಬರಿ ಎಣ್ಣಿ. ತಲಿಗೆ ಹಚ್ಚಕೊಳ್ಳೂದು, ಅದರಿಂದೇನ್ ಆಗತೈತಿ?’

ಆಗುವುದು ಇದು. ಎಲೆ ಎಲೆಯ ನಡುವಿನ ಸಂದಿ ಅರ್ಧ ಮಿಲಿಮೀಟರಿಗೂ ಕಡಿಮೆ, ಅಲ್ಲಿ ಇರಬೇಕಾದದ್ದು ಬರೀ ಗಾಳಿ. ಎಣ್ಣೆ ಹೊಕ್ಕ ಜಾಗದಲ್ಲಿ ಕೆಪ್ಯಾಸಿಟಿ ಹತ್ತಿರ ಹತ್ತಿರ ಮೂರು ಪಟ್ಟು. ಮೊದಲು ಹೆಚ್ಚು ಎಲೆ ಒಳಗೆ ಹೋದಾಗ ಸಿಗುತ್ತಿದ್ದ ಧಾರವಾಡ ಈಗ ಕಡಿಮೆ ಎಲೆಗೇ ಸಿಗುತ್ತದೆ. ಅಂದರೆ ಮುಳ್ಳು ಡಯಲಿನ ಮೇಲೆ ಮುಂದೆ ಓಡಿ, 765ರ ಧಾರವಾಡ 800ರ ಆಚೆ ಎಲ್ಲೋ ಹಾಡತೊಡಗುತ್ತದೆ. ಎರಡೂ ಭಾಗಕ್ಕೆ ಎಣ್ಣೆ ಸಮನಾಗಿ ಬಿದ್ದಿರುವುದಿಲ್ಲವಾದ್ದರಿಂದ ಜೋಡಿ ತಪ್ಪುತ್ತದೆ, ದನಿ ಕುಗ್ಗಿ ಹಿಂದೆ ಸೊಂಯ್ ಅನ್ನುವ ಸದ್ದು ಬೇರೆ. ‘ಧಾರವಾಡದವರು ಸ್ಟೇಶನ್ ಜಾಗಾ ಬದಲಿ ಮಾಡ್ಯಾರ’ ಅಂತ ಕಾಕಾ ಕಟ್ಟೆಯ ಮೇಲೆ ತೀರ್ಪು ಕೊಡುತ್ತಾರೆ.

ಕೊಬ್ಬರಿ ಎಣ್ಣೆ ಸುಮಾರು 24 ಡಿಗ್ರಿಯ ಕೆಳಗೆ ಹೆಪ್ಪುಗಟ್ಟುತ್ತದೆ. ಧಾರವಾಡದ ಚಳಿಗಾಲದ ಮುಂಜಾವು ಅದಕ್ಕಿಂತ ಎಷ್ಟೋ ಕೆಳಗೆ. ಹೀಗಾಗಿ ಕಾಕಾನ ರೇಡಿಯೋ ಡಿಸೆಂಬರಿನಲ್ಲಿ ಬೆಳಗಿನ ವಾರ್ತೆಗೆ ತಿರುಗುವುದೇ ಇಲ್ಲ, ಮಧ್ಯಾಹ್ನದ ಬಿಸಿಲಿಗೆ ಸರಾಗ. ಇದನ್ನು ಬಿಡಿಸಿ ಹೇಳಿದರೆ ಕಾಕಾ ಎಣ್ಣೆ ಬಿಡುವುದನ್ನು ನಿಲ್ಲಿಸುವುದಿಲ್ಲ, ಎಣ್ಣೆ ಬದಲಿಸುತ್ತಾರೆ. ಮುಂದಿನ ಸಲ ಕುಸುಬಿ ಎಣ್ಣಿ. ನವಲಗುಂದ, ನರಗುಂದದ ಕರಿ ಹೊಲದ ಕುಸುಬಿ ಎಣ್ಣೆ ಒಗ್ಗರಣೆಗೆ ಚಂದ, ಆದರೆ ತೆಳ್ಳಗೆ ಹರಡಿ ಗಾಳಿಗೆ ಬಿಟ್ಟರೆ ಒಣಗಿ ವಾರ್ನಿಶ್ ಆಗುವ ಜಾತಿ ಅದು, ಬಣ್ಣ ಮಾಡುವವರೂ ಬಳಸುತ್ತಾರೆ. ಆರು ತಿಂಗಳಲ್ಲಿ ಗ್ಯಾಂಗಿನ ಎಲೆಗಳಿಗೆಲ್ಲ ಹಳದಿ ಪಾಲಿಶ್. ಅದರ ಮೇಲೆ ಹಾರಿಬಂದ ದೂಳು, ಹತ್ತಿ ಎಳೆ, ಊದುಬತ್ತಿ ಹೊಗೆಯ ಮಸಿ ಎಲ್ಲ ಅಂಟಿ ಕೂರುತ್ತವೆ. ಶೇಂಗಾ ಎಣ್ಣೆಯಾದರೆ ಅಂಟು ತುಸು ನಿಧಾನ, ಆದರೆ ಜಿರಲೆಗಳು ಬರುತ್ತವೆ. ಮೂರೂ ಎಣ್ಣೆ ಮುಗಿದ ಮೇಲೆ ಕಾಕಾ ಇಕ್ಕಳ ಹಿಡಿದು ಗುಂಡಿ ತಿರುಗಿಸುತ್ತಾರೆ. ಕಡ್ಡಿಯ ಕೊನೆಯ ತಡೆ ದಾಟುತ್ತದೆ, ಎಲೆ ಎಲೆಗೆ ತಾಗುತ್ತದೆ, ಡಯಲಿನ ಅರ್ಧದಲ್ಲಿ ಕರ್ ಕರ್, ಇನ್ನರ್ಧದಲ್ಲಿ ಮೌನ. ಆಮೇಲೆ ಸೆಟ್ಟು ಚೀಲದಲ್ಲಿ ಬರುತ್ತದೆ. ಜೊತೆಗೊಂದು ಮಾತು: ‘ಏನೂ ಆಗಿಲ್ಲ, ಸುಮ್ನ ಒಮ್ಮಿ ನೋಡ್ರಿ.’

ಗ್ಯಾಂಗಿನಲ್ಲಿ ಎಣ್ಣೆ ಬೇಕಾದ ಜಾಗ ಎರಡೇ, ಕಡ್ಡಿಯ ಹಿಂದೆ ಮುಂದೆ ಇರುವ ಸಣ್ಣ ಗುಂಡುಗಳ ಬೇರಿಂಗ್. ಹೊಲಿಗೆ ಮಷೀನಿನ ತೆಳು ಎಣ್ಣೆಯನ್ನು ಸೂಜಿಯ ಮೊನೆಯಲ್ಲಿ ಅದ್ದಿ ಮುಟ್ಟಿಸಿದರೆ ಸಾಕು, ಹನಿ ಬಿಡುವುದಲ್ಲ. ಎಣ್ಣೆ ಕುಡಿದ ಗ್ಯಾಂಗ್ ತೊಳೆಯಬೇಕೆಂದರೆ ಮೊದಲು ಪ್ಲಗ್ ಕಿತ್ತು, ವೈರುಗಳ ಫೋಟೋ ತೆಗೆದುಕೊಂಡು, ಎಲೆಗಳನ್ನು ಪೂರ್ತಿ ಒಳಗೆ ಮುಚ್ಚಿ ಆಮೇಲೆ ಗ್ಯಾಂಗ್ ಬಿಚ್ಚಿ. ತೆರೆದಿಟ್ಟು ಬಿಚ್ಚಿದರೆ ಬೆರಳು ತಾಗಿ ಎಲೆ ಸೊಟ್ಟಾಗುವುದು ಖಾತ್ರಿ. ಐಸೋಪ್ರೊಪೈಲ್ ಆಲ್ಕೋಹಾಲ್, ಮೆತ್ತನೆಯ ಬ್ರಶ್. ಸಿಗದಿದ್ದರೆ ಪೆಟ್ರೋಲು, ಆದರೆ ಹಿತ್ತಲಲ್ಲಿ, ಬೆಂಕಿಯಿಂದ ದೂರ, ಪೂರ್ತಿ ಆರುವ ತನಕ ಕರೆಂಟಿನ ಹತ್ತಿರ ತರಬಾರದು. ಕಡ್ಡಿಗೆ ಒತ್ತಿಕೊಂಡ ಸ್ಪ್ರಿಂಗ್ ಪತ್ತಿಯನ್ನು ಮರೆಯಬೇಡಿ. ತಿರುಗುವ ಎಲೆಗಳಿಗೆ ಅರ್ಥ್ ಸಿಗುವುದು ಅದರಿಂದಲೇ, ಅದು ಮಸಿ ಹಿಡಿದರೆ ಗುಂಡಿ ತಿರುಗಿಸಿದಾಗಲೆಲ್ಲ ಪರಪರ. ಎಲೆ ತಾಗುತ್ತಿದೆಯೋ ನೋಡಲು ಕಾಯಿಲಿನ ವೈರು ಬಿಡಿಸಿ, ನಿಂತ ಎಲೆಗೂ ಬಾಡಿಗೂ ಮೀಟರಿನ ಬೀಪ್ ಹಚ್ಚಿ ನಿಧಾನ ತಿರುಗಿಸಿ. ಕಾಯಿಲ್ ಬಿಡಿಸದಿದ್ದರೆ ಮೀಟರ್ ಒಂದೇ ಸಮನೆ ಕೂಗುತ್ತದೆ, ಒಳ್ಳೆಯ ಗ್ಯಾಂಗ್ ಗುಜರಿಗೆ ಹೋಗುತ್ತದೆ. ಸೊಟ್ಟಾದ ಎಲೆಯ ಸಂದಿಗೆ ಲಗ್ನಪತ್ರಿಕೆಯ ದಪ್ಪ ಕಾಗದದ ಪಟ್ಟಿ ತೂರಿಸಿ ಮೆಲ್ಲಗೆ ಸರಿಮಾಡಬಹುದು. ಕೊನೆಯ ಎಲೆಯಲ್ಲಿ ಸೀಳುಗಳು ಇರುತ್ತವೆ, ಅವನ್ನು ಕಂಪನಿಯವರೇ ಬೇಕೆಂದು ಸ್ವಲ್ಪ ಸ್ವಲ್ಪ ಬಗ್ಗಿಸಿರುತ್ತಾರೆ. ದಯಮಾಡಿ ನೆಟ್ಟಗೆ ಮಾಡಬೇಡಿ.

ಟ್ರಾನ್ಸಿಸ್ಟರಿನ ಪಿವಿಸಿ ಗ್ಯಾಂಗಿಗೆ ಎಣ್ಣೆಯ ಕಾಟ ಕಡಿಮೆ, ಪ್ಲಾಸ್ಟಿಕ್ ಡಬ್ಬಿ ಮುಚ್ಚಿರುತ್ತದೆ, ಎಲೆಗಳ ನಡುವೆ ಗಾಳಿಯ ಬದಲು ಪ್ಲಾಸ್ಟಿಕ್ ಹಾಳೆ. ಅದನ್ನು ಕೊಲ್ಲುವುದು ಸ್ಕ್ರೂ. ಮುಂದಿನ ಎರಡು ಸ್ಕ್ರೂ ಕಳೆದುಹೋಗಿ ಡಬ್ಬಿಯಲ್ಲಿದ್ದ ಉದ್ದನೆಯದನ್ನು ಹಾಕಿ ಬಿಗಿದರೆ ಅದರ ತುದಿ ಒಳಗೆ ಹೋಗಿ ಎಲೆಯನ್ನೇ ಚುಚ್ಚುತ್ತದೆ. ಇನ್ನೊಂದು ಶತ್ರು ಬಿಸಿ. ಸೋಲ್ಡರಿಂಗ್ ಕಡ್ಡಿ ಗ್ಯಾಂಗಿನ ಕಾಲಿನ ಮೇಲೆ ಎರಡು ಮೂರು ಸೆಕೆಂಡಿಗಿಂತ ಹೆಚ್ಚು ನಿಂತರೆ ಪ್ಲಾಸ್ಟಿಕ್ ಕರಗಿ ಕಾಲು ಓಲಾಡುತ್ತದೆ.

ಇನ್ನು ಗೊರಗೊರ ಅಂದದ್ದಕ್ಕೆಲ್ಲ ಗ್ಯಾಂಗನ್ನೇ ಬೈಯುವವರ ದಂಡು. ಸ್ಟೇಶನ್ ತಿರುಗಿಸುವಾಗ ಮಾತ್ರ ಪರಪರ ಅಂದರೆ ಗ್ಯಾಂಗ್. ದನಿ ಏರಿಸುವಾಗ ಅಂದರೆ ವಾಲ್ಯೂಮ್. ಗುಂಡಿ ತಿರುಗಿ ಮುಳ್ಳು ತಿರುಗದಿದ್ದರೆ ಡಯಲ್ ದಾರ ಜಾರಿದೆ. ಯಾವುದನ್ನೂ ಮುಟ್ಟದಿದ್ದರೂ ಒಂದೇ ಸಮನೆ ಗುಂಯ್ ಅಂದರೆ ಮನೆಯ ಎಲ್‌ಇಡಿ ಬಲ್ಬು, ಮೊಬೈಲ್ ಚಾರ್ಜರ್ ಒಂದೊಂದಾಗಿ ಆರಿಸಿ ನೋಡಿ. ಒಳಗೆ ಫೆರೈಟ್ ರಾಡ್, ಅಂದರೆ ಕಾಯಿಲ್ ಸುತ್ತಿದ ಆಂಟೆನಾ ಕಡ್ಡಿ ಇರುವ ಸೆಟ್ಟಾದರೆ ಸೆಟ್ಟನ್ನೇ ಕಾಲು ಸುತ್ತು ತಿರುಗಿಸಿಟ್ಟರೂ ಎಷ್ಟೋ ಸಲ ಗದ್ದಲ ಅಡಗುತ್ತದೆ.

ಹೊಸ ಗ್ಯಾಂಗ್ ಕೂರಿಸಿದ ಮೇಲೆ ಜೋಡಿ ಸರಿಮಾಡುವ ಕೆಲಸಕ್ಕೆ ಅವಸರ ಆಗದು. ಮೊದಲು ಡಯಲಿನ ಕೆಳಗಿನ ತುದಿಯಲ್ಲಿ, 612ರ ಬೆಂಗಳೂರು ಅಥವಾ 675ರ ಭದ್ರಾವತಿ ಹಿಡಿದು, ಆಸಿಲೇಟರ್ ಕಾಯಿಲಿನ ಕೋರ್ (ಒಳಗಿನ ತಿರುಪು) ತಿರುಗಿಸಿ ಮುಳ್ಳನ್ನು ಅಂಕಿಗೆ ತರಬೇಕು, ಆಮೇಲೆ ಆಂಟೆನಾ ಕಾಯಿಲನ್ನು ರಾಡಿನ ಮೇಲೆ ಸರಿಸಿ ದನಿ ಹೆಚ್ಚಿಸಬೇಕು. ಮೇಲಿನ ತುದಿಯಲ್ಲಿ ಅದೇ ಕೆಲಸ ಟ್ರಿಮ್ಮರುಗಳಿಂದ, ಅಂದರೆ ಸ್ಕ್ರೂ ತಿರುಗಿಸಿ ಹೊಂದಿಸುವ ಸಣ್ಣ ಕಂಡೆನ್ಸರುಗಳಿಂದ. ಒಂದು ತುದಿ ಸರಿಮಾಡಿದರೆ ಇನ್ನೊಂದು ತುಸು ಕೆಡುತ್ತದೆ, ಮತ್ತೆ ಕೆಳಗೆ, ಮತ್ತೆ ಮೇಲೆ. ಕಬ್ಬಿಣದ ಸ್ಕ್ರೂಡ್ರೈವರ್ ಬೇಡ, ತಾಗಿಸಿದಾಗ ಒಂದು, ತೆಗೆದಾಗ ಇನ್ನೊಂದು ತೋರಿಸುತ್ತದೆ. ಬಿದಿರು ಕಡ್ಡಿ ಕೆತ್ತಿ ಮಾಡಿಕೊಳ್ಳಿ. ಮುಗಿದ ಮೇಲೆ ಕೋರಿನ ಮೇಲೆ ಮೇಣದಬತ್ತಿಯ ಒಂದು ಹನಿ.

ಈಗಿನ ಸೆಟ್ಟುಗಳಲ್ಲಿ ಈ ತಾಪತ್ರಯವೇ ಇಲ್ಲ. ಒಂದು ಚಿಪ್ಪು, ಎರಡು ಬಟನ್ನು, ಗ್ಯಾಂಗ್ ಇಲ್ಲ. ಗುಂಡಿ ಇದ್ದರೂ ಅದರ ಹಿಂದೆ ಬರೀ ವಾಲ್ಯೂಮಿನಂಥ ಒಂದು ಕಂಟ್ರೋಲ್. ಧಾರವಾಡ ಬೇಕಾದರೆ ಅಂಕಿ ಒತ್ತಿ, ಬಂತು. ದೂರೇನಿಲ್ಲ. ಆದರೆ 1950ರಿಂದ ಮಾತಾಡುತ್ತಿರುವ ಈ ಸ್ಟೇಶನ್ನಿನ ಕಡೆಗೆ ಮುಳ್ಳು ಮೆಲ್ಲಗೆ ಸರಿಯುವಾಗ ಮೊದಲು ಗಾಳಿ, ಆಮೇಲೆ ಸಣ್ಣ ಸಿಳ್ಳೆ, ಆಮೇಲೆ ತಂಬೂರಿ, ಅದರೊಳಗಿಂದ ಮಲ್ಲಿಕಾರ್ಜುನ ಮನಸೂರರ ದನಿ ಎದ್ದು ಬರುತ್ತಿತ್ತಲ್ಲ, ಅದನ್ನು ಕೇಳಿದವರು ಗುಂಡಿ ಬಿಗಿಯಾದರೆ ಸುಮ್ಮನೆ ಕೂರುವುದಿಲ್ಲ. ಕಾಕಾನ ಕೈ ಶೀಶೆಗೆ ಹೋಗುವುದು ಅದಕ್ಕೇ. ಅಷ್ಟರ ಮಟ್ಟಿಗೆ ಕಾಕಾನ ಮೇಲೆ ಸಿಟ್ಟು ಕಡಿಮೆ ಮಾಡಬಹುದು. ಎಣ್ಣೆಯ ಮೇಲೆ ಅಲ್ಲ.

ಅಂಗಡಿಯಲ್ಲಿ ಸಿಗದ ಗ್ಯಾಂಗ್ ಗುಜರಿಯಲ್ಲಿ ಸಿಗುತ್ತದೆ. ಸತ್ತ ಸೆಟ್ಟನ್ನು ತೂಕದ ರೇಟಿಗೆ ಕೊಡುತ್ತಾರೆ. ಕೊಳ್ಳುವ ಮುಂಚೆ ಗುಂಡಿ ಈ ತುದಿಯಿಂದ ಆ ತುದಿಗೆ ತಿರುಗಿಸಿ ಎಲ್ಲೂ ಒರೆಯುವುದಿಲ್ಲ ಅಂತ ನೋಡಿಕೊಳ್ಳಿ, ಮೂಸಿಯೂ ನೋಡಿ. ಕೊಬ್ಬರಿ ವಾಸನೆ ಬಂದರೆ ಆ ಸೆಟ್ಟೂ ಯಾವುದೋ ಕಾಕಾನ ಮನೆಯದೇ.

ತೊಳೆದು, ಜೋಡಿಸಿ, ಧಾರವಾಡವನ್ನು 765ಕ್ಕೆ ತಂದು ಕೂರಿಸಿ ಸೆಟ್ಟು ಕೈಗೆ ಕೊಟ್ಟರೆ ಕಾಕಾ ಗುಂಡಿ ಆ ಕಡೆ ಈ ಕಡೆ ತಿರುಗಿಸುತ್ತಾರೆ, ತಲೆದೂಗುತ್ತಾರೆ. ‘ಛಲೋ ಆತ್ ನೋಡು. ಈಗ ಸರಳ ತಿರಗತೈತಿ.’ ಆಮೇಲೆ ಪಕ್ಕದ ಗುಂಡಿಗೆ ಕೈ ಹಾಕುತ್ತಾರೆ.

‘ವಾಲ್ಯೂಮ್ ಒಂದ್ ಚೂರ ಬಿಗಿ ಅನಸತೈತಲ್ಲ ತಮ್ಮಾ?’