ಗುಲಾಬಿನೇ ಇಲ್ದಿದ್ರೆ "ಗುಲಾಬಿ" ಅನ್ನೋ ಪದಕ್ಕೆ ಅರ್ಥ ಇರುತ್ತಾ?

ಪರ

ಇರುತ್ತೆ, ಇರ್ಲೇಬೇಕು. 12ನೇ ಶತಮಾನದ ಪ್ಯಾರಿಸ್‌ನಲ್ಲಿ ತರ್ಕ ಪಾಠ ಹೇಳ್ತಿದ್ದ ಅಬೆಲಾರ್ಡ್ (1079–1142) ಇದನ್ನ ಒಂದೇ ಏಟಿಗೆ ಮುಗಿಸ್ತಾನೆ. ಪ್ರಪಂಚದಲ್ಲಿ ಒಂದೂ ಗುಲಾಬಿ ಉಳಿದಿಲ್ಲ ಅಂದ್ಕೊಳಿ, ಆಗ "ಗುಲಾಬಿ ಇಲ್ಲ" ಅಂದ್ರೆ ಅದು ನಿಜ ತಾನೆ, ಪದದ ಅರ್ಥನೇ ಹೋಗಿದ್ರೆ ನಾವು ಏನು ಇಲ್ಲ ಅಂತ ಹೇಳ್ತಿದೀವಿ? ಅವನ ಪ್ರಕಾರ ಪದಕ್ಕೆ ಎರಡು ಕೆಲಸ, ಇರೋ ವಸ್ತುನ ಹೆಸರು ಹಿಡ್ದು ತೋರ್ಸೋದು ಒಂದು, ಕೇಳಿದವರ ಮನಸ್ಸಲ್ಲಿ ತಿಳಿವಳಿಕೆ ಹುಟ್ಸೋದು ಇನ್ನೊಂದು. ಹೂ ಹೋದ್ರೆ ಮೊದಲನೇದು ನಿಂತೋಗುತ್ತೆ, ಎರಡನೇದಕ್ಕೆ ಏನೂ ಆಗಲ್ಲ. ನಾವು ಮೊಲದ ಕೊಂಬು ಅಂತೀವಲ್ಲ, ಅಂಥದ್ದು ಯಾವತ್ತೂ ಇರ್ಲಿಲ್ಲ, ಆದ್ರೂ ಯಾರಿಗೆ ಅರ್ಥ ಆಗಲ್ಲ ಹೇಳಿ?

ವಿರೋಧ

ಮೊಲದ ಕೊಂಬು ಇಲ್ಲಿ ನಡೆಯಲ್ಲ. ಮೊಲ ಇದೆ, ಕೊಂಬೂ ಇದೆ, ಅಂಟ್ಸಿದ್ದು ನಾವು.

ಇಂಗ್ಲೆಂಡಿನ ಫ್ರಾನ್ಸಿಸ್ಕನ್ ಅನ್ನೋ ಕ್ರೈಸ್ತ ಪಂಗಡದ ಸನ್ಯಾಸಿ ರೋಜರ್ ಬೇಕನ್ 1267ರ ಹೊತ್ತಿಗೆ ಚಿಹ್ನೆಗಳ ಬಗ್ಗೆನೇ ಕೂತು ಬರೆದವನು, ಅವನ ಕಡೆ ನಾನು. ಪದ ಸೂಚಿಸೋದು ತಲೆಯೊಳಗಿನ ಚಿತ್ರನಲ್ಲ, ವಸ್ತುನೇ ಅಂತಾನೆ. ಹೆಸರು ಅಂದ್ರೆ ಒಂದು ಸಂಬಂಧ, ಒಂದು ತುದಿನೇ ಹೋದ್ಮೇಲೆ ಸಂಬಂಧ ಎಲ್ಲಿಂದ ಬಂತು, ಸಾಲ ತೀರ್ಸಿದ್ಮೇಲೂ ನನ್ನನ್ನ ಸಾಲಗಾರ ಅಂದ್ರೆ ಸುಮ್ನಿರ್ತೀನಾ? ಸೀಸರ್ ಸತ್ತ ಮೇಲೆ "ಸೀಸರ್" ಅನ್ನೋದು ಆ ಹಳೇ ಹೆಸರಲ್ಲ, ಸತ್ತವನಿಗೆ ಹೊಸದಾಗಿ ಇಟ್ಟಿದ್ದು, ಸದ್ದು ಮಾತ್ರ ಅದೇ. ಯಾವಾಗ ಇಟ್ವಿ ಅಂತ ಕೇಳ್ತೀರಿ, ನಂಗೆ ಬೇಕನ್ ಇಷ್ಟ ಆಗೋದೇ ಅಲ್ಲಿ: ನಾಮಕರಣಕ್ಕೆ ತೊಟ್ಟಿಲು ಕಟ್ಟಿ ಮಗು ಕಿವೀಲಿ ಹೆಸರು ಹೇಳ್ಲೇಬೇಕು ಅಂತೇನಿಲ್ಲ, ಮನಸ್ಸಲ್ಲೇ ಸದ್ದಿಲ್ದೆ ಆಗೋಗುತ್ತೆ, ಗೊತ್ತಿಲ್ದೇನೇ ದಿನವಿಡೀ ನಾವು ಹಳೇ ಪದಗಳನ್ನ ಹೊಸದಕ್ಕೆ ಅಂಟಿಸ್ತಾ ಇರ್ತೀವಿ. ಇಲ್ಲದ್ದಕ್ಕೂ ಹೆಸರಿಡಬಹುದು, ಬೇಕನ್ ಅದನ್ನ ಬೇಡ ಅನ್ನಲ್ಲ, ಆದ್ರೆ ಅದು ಬೇರೆ ಹೆಸರು. ಅಂದ್ರೆ "ಗುಲಾಬಿ ಇಲ್ಲ" ಅನ್ನೋ ಮಾತಿನ ಗುಲಾಬಿ ನಿಮ್ಮ ತೋಟದಲ್ಲಿ ಇದ್ದಿದ್ದಲ್ಲ.

ಕೇಳಿದವನಿಗೆ ತಿಳಿದ್ರೆ ಸಾಕು ಅನ್ನೋರಿಗೆ ಒಂದು ಮಾತು. ಆಗ ವೈನ್ ಮಾರೋ ಅಂಗಡಿ ಮುಂದೆ ಗುರುತಿಗೆ ಅಂತ ಒಂದು ದೊಡ್ಡ ಬಳೆ (ಕೈಗೆ ಹಾಕೋದಲ್ಲ, ಉಂಗುರದಂಥ ಪಟ್ಟಿ) ನೇತಾಕ್ತಿದ್ರು, ಆ ಕಾಲದ ತರ್ಕದ ಪುಸ್ತಕಗಳಲ್ಲಿ ಈ ಉದಾಹರಣೆ ಪದೇ ಪದೇ ಬರುತ್ತೆ. ಪೀಪಾಯಿ ಖಾಲಿ, ಬಳೆ ಇನ್ನೂ ನೇತಾಡ್ತಿದೆ. ನೋಡಿದವನಿಗೆ ವೈನ್ ಅಂತ ಚೆನ್ನಾಗೇ ತಿಳೀತು, ಒಳಗೂ ಹೋದ. ಅವನನ್ನ ಕೇಳಿ, ಬಳೆಗೆ ಅರ್ಥ ಇತ್ತಾ ಅಂತ.