ಕಾಡಿಗೂ ಚರಗ

ಆ ಫೋಟೊ ನಿಮಗೂ ಬಂದಿರುತ್ತದೆ, ಮೂರ್ನಾಲ್ಕು ಗ್ರೂಪಿನಿಂದಾದರೂ. ಕಲಬುರಗಿ ಜಿಲ್ಲೆಯ ಚಿಂಚೋಳಿ ಕಾಡು, ಹಿಂದೆ ಎತ್ತಿಪೋತ ಜಲಪಾತ, ಮುಂದೆ ‘ಪ್ಲಾಸ್ಟಿಕ್ ಬಿಡಿ, ಕಾಡು ಉಳಿಸಿ’ ಎಂಬ ಹದಿನೈದಡಿ ಬ್ಯಾನರು. ಹಿಡಿದ ಇಪ್ಪತ್ತೂ ಮಂದಿಗೆ ಕೈಗವಸು. ಒಂದಕ್ಕೂ ಕಲೆ ಇಲ್ಲ. ಬ್ಯಾನರು ಮಾತ್ರ ಅಪ್ಪಟ ಫ್ಲೆಕ್ಸು! ಪ್ಲಾಸ್ಟಿಕ್ ಚೀಲ, ತಟ್ಟೆ, ಚಮಚೆಯ ಜೊತೆ ಫ್ಲೆಕ್ಸಿಗೂ ಕರ್ನಾಟಕದಲ್ಲಿ 2016ರಲ್ಲೇ ನಿಷೇಧ ಬಿದ್ದಿದೆ. ಕಳ್ಳಭಟ್ಟಿ ಬಾಟಲಿಗೆ ‘ಕುಡಿಯಬೇಡಿ’ ಅಂತ ಚೀಟಿ ಅಂಟಿಸಿದಂಗಾಯ್ತು.

ಮುಂದಿನ ವಾರ ಹೋದಾಗ ಆ ಬ್ಯಾನರು ತಾಂಡಾದ ಕಣಕಿ ಬಣವಿಯನ್ನು ಮಳೆಯಿಂದ ಕಾಯುತ್ತಿತ್ತು. ಇಡೀ ಅಭಿಯಾನದಲ್ಲಿ ಕೆಲಸಕ್ಕೆ ಬಂದದ್ದು ಅದೊಂದೇ.

ನಮ್ಮ ಮಂದಿಗೆ ಬಯಲೂಟ ಹೊಸದೇನಲ್ಲ. ಎಳ್ಳ ಅಮಾಸಿಗೆ ಬುಟ್ಟಿ ಹೊತ್ತು ಹೊಲಕ್ಕೆ ಹೋಗಿ ಭಜ್ಜಿ, ಸಜ್ಜಿ ರೊಟ್ಟಿ, ಅಂಬಲಿ ಉಂಡು ಬಂದವರೇ. ಉಣ್ಣುವ ಮೊದಲು ಹೊಲದ ತುಂಬ ಚರಗ ಚೆಲ್ಲುತ್ತೇವೆ, ಭೂಮ್ತಾಯಿಗಷ್ಟು, ಹಕ್ಕಿಗಷ್ಟು. ನಮ್ಮವ್ವ ಗಡಿಗೆ, ಬಟ್ಟೆ, ಚಟಗಿ ಎಲ್ಲ ಎಣಿಸಿಕೊಂಡೇ ಬಂಡಿ ಹತ್ತುತ್ತಿದ್ದಳು. ಸೌಟೊಂದು ಕಾಣದಿದ್ದರೆ ಬಂಡಿ ತಿರುಗಿಸಲೇಬೇಕು.

ಈಗ ಮಳೆಗಾಲದ ರವಿವಾರ ಕಾಡಿಗೂ ಚರಗ ಬೀಳುತ್ತದೆ. ಗುಟ್ಕಾ ಚೀಟಿ, ತಹರಿ ಅನ್ನ ಮೆತ್ತಿದ ಥರ್ಮಾಕೋಲ್ ತಟ್ಟೆ, ಬೀರು ಬಾಟಲಿ. ಎಣಿಸಿ ತರುವವರು ಯಾರೂ ಇಲ್ಲ.

ಕಾರಿನ ಡಿಕ್ಕಿ ತೆರೆದು ಡಿಜೆ ಹಚ್ಚಿದ್ದ ಹುಡುಗನಿಗೆ, “ತಮ್ಮಾ, ಇದು 2011ರಿಂದ ವನ್ಯಜೀವಿಧಾಮ ಅದ. ತೋಳ, ಕತ್ತೆಕಿರುಬ ಇರೋ ಜಾಗ” ಅಂದೆ.

“ಎಲ್ಲಿ ಅವರೀ ಕಾಕಾ? ನಾ ಮೂರು ವರ್ಷದಿಂದ ಬರ್ಲಿಕತ್ತೀನಿ, ಒಂದೂ ಕಂಡಿಲ್ಲ.”

ಹ್ಯಾಂಗ ಕಾಣಬೇಕು?

ಅವನ ಕಾರು ನಿಂತದ್ದು ಹಸಿ ಹುಲ್ಲಿನ ಮೇಲೆ. ತುಳಿಯದ ನೆಲಕ್ಕೆ ಹೆಚ್ಚಿನ ಪೆಟ್ಟು ಬೀಳುವುದು ಮೊದಮೊದಲ ತುಳಿತಕ್ಕೇ. ಒಮ್ಮೆ ಸವೆದ ದಾರಿಯಲ್ಲಿ ಆಮೇಲೆ ನೂರು ಮಂದಿ ನಡೆದರೂ ಅಷ್ಟು ಫರಕಾಗದು. ಇದ್ದ ಕಾಲುದಾರಿ ಬಿಟ್ಟು ಇಳಿಯಬೇಡಿ ಅನ್ನುವುದು ಅದಕ್ಕೇ. ಆದರೆ ರೀಲ್ಸಿನಲ್ಲಿ ಮಂದಿ ಕಾರು ಕಾಣಬಾರದಲ್ಲ, ಹಂಗಾಗಿ ಎಲ್ಲರಿಗೂ ಸ್ವಂತ ಹುಲ್ಲು ಬೇಕು.

ನಗುವುದೂ ಸಾಕಾಗಿದೆ. ಅಭಯಾರಣ್ಯಕ್ಕೆ ಅಪಾಯವಾಗುವಂತೆ ಬೆಂಕಿ ಹಚ್ಚಬಾರದು ಅಂತ 1972ರ ಕಾಯ್ದೆ ಹೇಳುತ್ತದೆ. ಮೂರು ಕಲ್ಲಿನ ನಡುವೆ ಬಿರಿಯಾನಿ ಒಲೆಯ ಬೂದಿ ಇನ್ನೂ ಬಿಸಿ ಇತ್ತು, ಮುಟ್ಟಿ ನೋಡಿದೆ. ಒಳಗೆ ಹೋಗುವವರ ಬಾಟಲಿ ಎಣಿಸಿ, ಠೇವಣಿ ಹಿಡಿದು, ಖಾಲಿ ಬಾಟಲಿ ತಂದರೆ ರೊಕ್ಕ ವಾಪಸ್ ಕೊಡುವುದು ಏನು ಬ್ರಹ್ಮವಿದ್ಯೆಯೇ? ಇವತ್ತಿಗೆ ಇಷ್ಟು ಗಾಡಿ ಸಾಕು, ಉಳಿದವರು ನಾಳೆ ಬರ್ರಿ ಅನ್ನಲಿಕ್ಕೆ ಏನು ಧಾಡಿ? ಫ್ಲೆಕ್ಸಿಗೆ ರೊಕ್ಕ ಸಿಗುತ್ತದೆ, ಒಬ್ಬ ಕಾವಲುಗಾರನಿಗೆ ಸಿಗುವುದಿಲ್ಲ.

ವಾಪಸ್ ಬರುವಾಗ ಹಳ್ಳದ ದಂಡೆಗೆ ತಾಂಡಾದ ಹೆಣ್ಣುಮಗಳೊಬ್ಬಳು ಆಡಿನ ಕಾಲು ತೊಡೆಯ ಮೇಲಿಟ್ಟುಕೊಂಡು ಗೊರಸಿನ ಸಂದಿಯಿಂದ ಗಾಜಿನ ಚೂರು ಕೀಳುತ್ತಿದ್ದಳು. ನನ್ನ ಕೊರಳಿನ ಕ್ಯಾಮೆರಾ ನೋಡಿ ಕೇಳಿದಳು:

“ನೀವು ಬ್ಯಾನರಿನವರೇನ್ರಿ?”